ಹಾಳೆಯಿಂದ ಪರದೆಗೆ: ಗ್ರಂಥವೆಂಬ ಅಮಾನತು

ಇಸ್ಲಾಮಿನ ಇತಿಹಾಸವು ಓದುವ ಆಜ್ಞೆಯೊಂದಿಗೆ ಆರಂಭವಾಗುತ್ತದೆ. ಹಿರಾ ಗುಹೆಯಲ್ಲಿ ಪ್ರವಾದಿ ಮುಹಮ್ಮದ್(ಸ)ರಿಗೆ ಅವತೀರ್ಣವಾದ ಪ್ರಥಮ ವಚನಗಳಲ್ಲಿಯೇ ಓದಿನ ಹಾಗೂ ಲೇಖನಿಯ ಪ್ರಸ್ತಾಪವಿದೆ. ಆದರೆ ಬರೆಯುವ ವಸ್ತು ಮಾತ್ರ ಕಾಲಕಾಲಕ್ಕೆ ಬದಲಾಗುತ್ತಲೇ ಬಂದಿದೆ. ಖರ್ಜೂರದ ಗರಿ, ಚರ್ಮ, ಅಗಲವಾದ ಮೂಳೆಗಳಿಂದ ಕಾಗದಕ್ಕೆ, ಕೈಬರಹದಿಂದ ಮುದ್ರಣಕ್ಕೆ, ಮುದ್ರಣದಿಂದ ಇದೀಗ ಪರದೆಗೆ ಜ್ಞಾನದ ಪ್ರಯಾಣ ಸಾಗಿದೆ. ಹಿರಿಯರು ಕೊಂಡು ತಂದ ಗ್ರಂಥಗಳು ನಮ್ಮ ಮನೆಗಳ ಕಪಾಟಿನಲ್ಲಿ ಧೂಳು ಹಿಡಿಯುತ್ತಿರುವಾಗ ಮಕ್ಕಳ ಮೊಬೈಲಿನಲ್ಲಿ ಸಾವಿರಾರು ಗ್ರಂಥಗಳು ತೆರೆದುಕೊಳ್ಳುತ್ತಿವೆ. ಇದನ್ನು ಕಂಡು ಕೆಲವರು ಸಂಭ್ರಮಿಸುತ್ತಾರೆ, ಕೆಲವರು ಆತಂಕಪಡುತ್ತಾರೆ. ಎರಡಕ್ಕೂ ಮುನ್ನ, ನಮ್ಮ ಪೂರ್ವಿಕರು ಇಂತಹ ಬದಲಾವಣೆಗಳನ್ನು ಹೇಗೆ ಎದುರಿಸಿದರು ಎಂಬುದನ್ನು ನಾವು ಅರಿಯಬೇಕಾಗಿದೆ.

ಮೊದಲ ಪಾಠ

ಯಮಾಮಾ ಯುದ್ಧದಲ್ಲಿ ಕುರ್‌ಆನ್ ಕಂಠಸ್ಥವಾಗಿದ್ದ ಹಲವು ಸಹಾಬಿಗಳು ಹುತಾತ್ಮರಾದರು. ಆಗ ಉಮರ್(ರ), ಸಂಪೂರ್ಣ ಕುರ್‌ಆನನ್ನು ಬರಹ ರೂಪದಲ್ಲಿ ಒಂದೆಡೆ ಸಂಗ್ರಹಿಸಬೇಕೆಂದು ಖಲೀಫಾ ಅಬೂಬಕರ್(ರ)ರಿಗೆ ಸಲಹೆಯಿತ್ತರು. ಪ್ರವಾದಿವರ್ಯರು(ಸ) ಮಾಡದೇ ಇದ್ದ ಕಾರ್ಯವನ್ನು ತಾವು ಮಾಡುವುದು ಹೇಗೆಂದು ಖಲೀಫರು ಹಿಂಜರಿದರು. ಹೊಣೆ ಹೊರಬೇಕಾಗಿದ್ದ ಝೈದ್ ಬಿನ್ ಸಾಬಿತ್(ರ)ರೂ ಹಾಗೆಯೇ ಹಿಂಜರಿದರು. ಅಗತ್ಯವು ಮನವರಿಕೆಯಾದ ಬಳಿಕವೇ ಅವರು ಕಾರ್ಯಪ್ರವೃತ್ತರಾದರು. ಸ್ವತಃ ಹಾಫಿಝ್ ಆಗಿದ್ದರೂ ಝೈದ್(ರ) ತಮ್ಮ ನೆನಪೊಂದನ್ನೇ ನೆಚ್ಚಿಕೊಳ್ಳಲಿಲ್ಲ. ಬರಹವನ್ನು ಕಂಠಪಾಠದೊಂದಿಗೆ ಹೋಲಿಸಿದರು, ಸಾಕ್ಷ್ಯವನ್ನು ಕೇಳಿದರು. ಬರಹ ಬಂದಿತೆಂದು ಕಂಠಪಾಠದ ಪರಂಪರೆಯನ್ನು ಯಾರೂ ಕೈಬಿಡಲಿಲ್ಲ.

ಈ ಘಟನೆಯಲ್ಲಿ ಎರಡು ನಿಯಮಗಳು ಸ್ಪಷ್ಟವಾಗಿವೆ. ಹೊಸ ಮಾಧ್ಯಮವನ್ನು ಪರಿಶೀಲನೆಯಿಲ್ಲದೆ ನಂಬಬಾರದು. ಅದು ಬಂದಿತೆಂದು ಹಳೆಯದನ್ನು ತೊರೆಯಬಾರದು. ಮುಂದಿನ ಶತಮಾನಗಳ ಲಾಭನಷ್ಟಗಳನ್ನು ಈ ಎರಡು ನಿಯಮಗಳಿಂದಲೇ ಅಳೆಯಬಹುದು.

ಕಾಗದ ಮತ್ತು ಅಚ್ಚು

8ನೇ ಶತಮಾನದ ಕೊನೆಯ ಹೊತ್ತಿಗೆ ಬಗ್ದಾದಿನಲ್ಲಿ ಕಾಗದ ತಯಾರಾಗತೊಡಗಿತು. ಚರ್ಮಕ್ಕಿಂತ ಅಗ್ಗವಾದ ಕಾಗದವು ಗ್ರಂಥವನ್ನು ಅರಮನೆಯಿಂದ ಅಂಗಡಿ ಬೀದಿಗೆ ತಂದಿತು. ಅಂತಹ ಪುಸ್ತಕ ವ್ಯಾಪಾರಿಯಾಗಿದ್ದ ಇಬ್ನುನ್ನದೀಮ್, ಅಂದಿನ ಅರಬಿ ಗ್ರಂಥಗಳ ಪಟ್ಟಿಯೊಂದನ್ನು 987ರಲ್ಲಿ ಸಿದ್ಧಪಡಿಸಿದರು. ‘ಅಲ್-ಫಿಹ್‌ರಿಸ್ತ್’ ಎಂಬ ಆ ಗ್ರಂಥದಲ್ಲಿ ಹೆಸರಿಸಲಾದ ಬಹುಪಾಲು ಕೃತಿಗಳು ಇಂದು ಲಭ್ಯವಿಲ್ಲ. ಒಂದೆರಡು ಪ್ರತಿಗಳಷ್ಟೇ ಇದ್ದ ಗ್ರಂಥಕ್ಕೆ ಒಂದು ಬೆಂಕಿ, ಒಂದು ನೆರೆ, ಒಂದು ದಾಳಿ ಸಾಕಾಗುತ್ತಿತ್ತು.

ಈ ದೌರ್ಬಲ್ಯಕ್ಕೆ ಮುದ್ರಣವು ಪರಿಹಾರವಾಗಬಹುದಿತ್ತು. ಆದರೆ 1537-38ರ ಸುಮಾರಿಗೆ ವೆನಿಸ್ ನಗರದಲ್ಲಿ ಅಚ್ಚಾದ ಕುರ್‌ಆನ್ ಪ್ರತಿಯು ತಪ್ಪುಗಳಿಂದ ತುಂಬಿತ್ತು. ಇಸ್ತಾಂಬುಲ್‌ನಲ್ಲಿ ಇಬ್ರಾಹೀಮ್ ಮುತಫರ್ರಿಕಾ ಅವರಿಗೆ 1727ರಲ್ಲಿ ಮುದ್ರಣಾಲಯದ ಅನುಮತಿ ದೊರೆತಾಗಲೂ ಧಾರ್ಮಿಕ ಗ್ರಂಥಗಳನ್ನು ಅದರಿಂದ ಹೊರಗಿಡಲಾಗಿತ್ತು. ಭಾರತದಲ್ಲಿ 1858ರಲ್ಲಿ ಲಕ್ನೋದಲ್ಲಿ ಸ್ಥಾಪನೆಯಾದ ಮುನ್ಶಿ ನವಲ್ ಕಿಶೋರ್ ಅವರ ಮುದ್ರಣಾಲಯವು ಕುರ್‌ಆನ್ ಹಾಗೂ ಉರ್ದು, ಪಾರ್ಸಿ, ಅರಬಿ ಗ್ರಂಥಗಳನ್ನು ಸಾಮಾನ್ಯರ ಮನೆಗೆ ತಲುಪಿಸಿತು. ಹಿಂದೂ ಸಹೋದರರೊಬ್ಬರ ಈ ಸೇವೆಯನ್ನು ನಾವು ಕೃತಜ್ಞತೆಯಿಂದ ಸ್ಮರಿಸಬೇಕು. ಕೊನೆಗೆ 1924ರಲ್ಲಿ ಕೈರೋದಲ್ಲಿ ವಿದ್ವಾಂಸರ ಸಮಿತಿಯೊಂದು ಪರಿಶೀಲಿಸಿ ಹೊರತಂದ ಮುಸ್‌ಹಫ್, ಮುದ್ರಿತ ಕುರ್‌ಆನಿನ ಇತಿಹಾಸದಲ್ಲಿ ಮೈಲಿಗಲ್ಲಾಯಿತು. ಮುದ್ರಣದ ಮೇಲೆ ವಿಶ್ವಾಸ ಮೂಡಿದ್ದು ಯಂತ್ರದಿಂದಲ್ಲ, ಅದರ ಹಿಂದೆ ಕುಳಿತು ಅಕ್ಷರ ಅಕ್ಷರವನ್ನು ತಿದ್ದಿದ ವಿದ್ವಾಂಸರಿಂದ.

ಪರದೆಯ ವರದಾನ

ಇದೀಗ ನಮ್ಮ ಸರದಿ. ‘ಅಲ್-ಮಕ್ತಬತುಶ್ಶಾಮಿಲ’ ಎಂಬ ಉಚಿತ ತಂತ್ರಾಂಶದಲ್ಲಿ ತಫ್ಸೀರ್, ಹದೀಸ್, ಫಿಕ್ಹ್ ಮತ್ತು ಇತಿಹಾಸದ ಸಾವಿರಾರು ಅರಬಿ ಗ್ರಂಥಗಳಿವೆ. ಹಿಂದೆ ವಿದ್ಯಾರ್ಥಿಯೊಬ್ಬನು ದಿನಗಟ್ಟಲೆ ಹುಡುಕುತ್ತಿದ್ದ ಹದೀಸ್, ಕ್ಷಣಾರ್ಧದಲ್ಲಿ ಸಿಗುತ್ತದೆ. ಉರ್ದು ಓದುಗರಿಗೆ ‘ರೇಖ್ತಾ’ದ ಇ-ಪುಸ್ತಕ ಭಂಡಾರವಿದೆ. ಬೆಂಗಳೂರಿನ ಸ್ವಯಂಸೇವಕರು ಹಳೆಯ ಕನ್ನಡ ಪುಸ್ತಕಗಳನ್ನು ಸ್ಕ್ಯಾನ್ ಮಾಡಿ ಇಂಟರ್‌ನೆಟ್ ಆರ್ಕೈವ್‌ಗೆ ಸೇರಿಸುತ್ತಿದ್ದಾರೆ. ದೃಷ್ಟಿ ಮಂದವಾದ ಹಿರಿಯರು ಅಕ್ಷರವನ್ನು ಹಿಗ್ಗಿಸಿ ಓದಬಹುದು. ಗ್ರಂಥಾಲಯವಿಲ್ಲದ ಹಳ್ಳಿಯ ಹೆಣ್ಣುಮಗಳೂ ಮನೆಯಲ್ಲೇ ಓದಬಹುದು. ಇದು ಅಲ್ಲಾಹನ ಅನುಗ್ರಹವಲ್ಲದೆ ಮತ್ತೇನು?

ನಮ್ಮ ನಾಡಿನ ಮಟ್ಟಿಗಂತೂ ಈ ಬದಲಾವಣೆಗೆ ವಿಶೇಷ ಅರ್ಥವಿದೆ. 1799ರ ಮೇ 4ರಂದು ಶ್ರೀರಂಗಪಟ್ಟಣ ಪತನವಾದಾಗ ಟಿಪ್ಪು ಸುಲ್ತಾನರ ಗ್ರಂಥಾಲಯವೂ ಕಂಪೆನಿಯ ಪಾಲಾಯಿತು. ಸುಮಾರು 2,000 ಸಂಪುಟಗಳಿದ್ದ ಆ ಸಂಗ್ರಹಕ್ಕೆ ಚಾರ್ಲ್ಸ್ ಸ್ಟುವರ್ಟ್ 1809ರಲ್ಲಿ ವಿವರವಾದ ಪಟ್ಟಿಯನ್ನು ಪ್ರಕಟಿಸಿದನು. ಗ್ರಂಥಗಳು ಕಲ್ಕತ್ತಾ ಮತ್ತು ಲಂಡನ್ನಿನಲ್ಲಿ ಹಂಚಿಹೋದವು. ವಿಜಯಪುರದ ಆಸಾರ್ ಮಹಲ್‌ನಲ್ಲಿ ಉಳಿದಿದ್ದ ಹಸ್ತಪ್ರತಿಗಳೂ 1853ರಲ್ಲಿ ಲಂಡನ್ನಿಗೆ ಸಾಗಿಸಲ್ಪಟ್ಟವು. ಲಂಡನ್ ಸೇರಿದ ಈ ಗ್ರಂಥಗಳು ಇಂದು ಬ್ರಿಟಿಷ್ ಲೈಬ್ರರಿಯಲ್ಲಿವೆ. ಹಡಗಿನಲ್ಲಿ ಹೋದ ಗ್ರಂಥಗಳು ಹಡಗಿನಲ್ಲಿ ಮರಳಲಾರವೇನೋ. ಆದರೆ ಅವುಗಳ ಪುಟಗಳ ಚಿತ್ರಗಳು ಶ್ರೀರಂಗಪಟ್ಟಣದ ವಿದ್ಯಾರ್ಥಿಯ ಮೇಜಿಗೆ ಬರಬಲ್ಲವು. ಇದು ಬರಿಯ ಕನಸಲ್ಲ. ಅದೇ ಲೈಬ್ರರಿಯ ಅರಬಿ ವಿಜ್ಞಾನ ಹಸ್ತಪ್ರತಿಗಳನ್ನು 2014ರಿಂದ ‘ಕತಾರ್ ಡಿಜಿಟಲ್ ಲೈಬ್ರರಿ’ಯು ಉಚಿತವಾಗಿ ತೆರೆದಿಟ್ಟಿದೆ.

ಪರದೆಯ ಬೆಂಕಿ

ಆದರೆ ಪರದೆಗೂ ತನ್ನದೇ ಆದ ಬೆಂಕಿಯಿದೆ. 2023ರ ಅಕ್ಟೋಬರ್‌ನಲ್ಲಿ ಸೈಬರ್ ದಾಳಿಗೆ ತುತ್ತಾದ ಬ್ರಿಟಿಷ್ ಲೈಬ್ರರಿಯ ಗ್ರಂಥಸೂಚಿಯೂ ಡಿಜಿಟಲ್ ಹಸ್ತಪ್ರತಿಗಳೂ ತಿಂಗಳುಗಟ್ಟಲೆ ಓದುಗರಿಗೆ ಮುಚ್ಚಿಹೋದವು. ಗ್ರಂಥಗಳು ಕಪಾಟಿನಲ್ಲಿ ಸುರಕ್ಷಿತವಾಗಿದ್ದರೂ ದೂರದ ಓದುಗನ ಪಾಲಿಗೆ ಅವು ಇಲ್ಲದಂತಾದವು. ಮರುವರ್ಷ ಅಕ್ಟೋಬರ್‌ನಲ್ಲಿ ಇಂಟರ್‌ನೆಟ್ ಆರ್ಕೈವ್ ಕೂಡ ದಾಳಿಗೊಳಗಾಗಿ ಕೆಲವು ದಿನ ಸ್ಥಗಿತಗೊಂಡಿತು.

ಇನ್ನೊಂದು ಅಪಾಯ ಒಡೆತನದ್ದು. 2009ರಲ್ಲಿ ಅಮೆಜಾನ್ ಸಂಸ್ಥೆಯು, ಪ್ರಕಾಶಕರಿಗೆ ಹಕ್ಕಿರಲಿಲ್ಲವೆಂಬ ಕಾರಣಕ್ಕೆ, ಓದುಗರು ಹಣಕೊಟ್ಟು ಕೊಂಡಿದ್ದ ಜಾರ್ಜ್ ಆರ್ವೆಲ್‌ರ ಕಾದಂಬರಿಗಳನ್ನು ಅವರ ಕಿಂಡಲ್‌ಗಳಿಂದ ಅಳಿಸಿಹಾಕಿತು. ಹಣ ಮರಳಿತು. ಇಂತಹ ಇ-ಪುಸ್ತಕಗಳಲ್ಲಿ ನಾವು ಕೊಳ್ಳುವುದು ಬಹುತೇಕ ಓದುವ ಪರವಾನಗಿಯನ್ನೇ ಹೊರತು ಪುಸ್ತಕವನ್ನಲ್ಲ. ಪ್ರಯೋಜನಕಾರಿ ಜ್ಞಾನವು ಮರಣಾನಂತರವೂ ಮುಂದುವರಿಯುವ ಪುಣ್ಯವೆಂದು ಪ್ರವಾದಿವರ್ಯರು(ಸ) ಕಲಿಸಿದ್ದಾರೆ. ಅದಕ್ಕಾಗಿಯೇ ಹಿಂದಿನವರು ಗ್ರಂಥಗಳನ್ನು ಮಸೀದಿ, ಮದ್ರಸಗಳಿಗೆ ವಕ್ಫ್ ಮಾಡುತ್ತಿದ್ದರು. ಪರವಾನಗಿಯನ್ನು ವಕ್ಫ್ ಮಾಡುವುದು ಹೇಗೆ? ಮಕ್ಕಳಿಗೆ ಬಿಟ್ಟುಹೋಗುವುದು ಹೇಗೆ?

ಮೂರನೆಯದು ತಪ್ಪುಗಳ ಅಪಾಯ. ಟೈಪ್ ಮಾಡುವಾಗ ಬಿಟ್ಟುಹೋದ ಒಂದು ಪದ ಅರ್ಥವನ್ನೇ ತಲೆಕೆಳಗಾಗಿಸಬಲ್ಲದು. ಆದ್ದರಿಂದಲೇ ವಿದ್ವಾಂಸರು ಶಾಮಿಲದಲ್ಲಿ ಹುಡುಕಿದ್ದನ್ನು ಮುದ್ರಿತ ಪ್ರತಿಯೊಂದಿಗೆ ಹೋಲಿಸಿಯೇ ಉಲ್ಲೇಖಿಸುತ್ತಾರೆ. ಗ್ರಂಥದ ಹೆಸರಿಲ್ಲದೆ ವಾಟ್ಸ್‌ಆ್ಯಪ್‌ನಲ್ಲಿ ಹರಿದಾಡುವ ಹದೀಸನ್ನು ನಾವು ಯೋಚಿಸದೆ ರವಾನಿಸುವಾಗ, ಸಾಕ್ಷ್ಯ ಕೇಳಿದ ಝೈದ್(ರ)ರ ಮಾದರಿಯನ್ನು ಮರೆಯುತ್ತಿದ್ದೇವೆ.

ಹಾಗೆಂದು ಕಾಗದವೇ ಸುರಕ್ಷಿತವೆನ್ನಲಾಗದು. 2021ರ ಏಪ್ರಿಲ್‌ನಲ್ಲಿ ಮೈಸೂರಿನಲ್ಲಿ ಮುಸ್ಲಿಮ್ ಕೂಲಿ ಕಾರ್ಮಿಕರೊಬ್ಬರು ಕಟ್ಟಿ ಬೆಳೆಸಿದ್ದ, ಸುಮಾರು 11 ಸಾವಿರ ಪುಸ್ತಕಗಳಿದ್ದ ಸಾರ್ವಜನಿಕ ಗ್ರಂಥಾಲಯವು ಸುಟ್ಟು ಬೂದಿಯಾದುದು ನಮ್ಮ ಕಣ್ಣೆದುರಿನ ಇತಿಹಾಸ. ಅಲ್ಲಿ ಕುರ್‌ಆನ್, ಭಗವದ್ಗೀತೆ, ಕನ್ನಡ ಸಾಹಿತ್ಯ ಎಲ್ಲವೂ ಇದ್ದವು. ಸುದ್ದಿ ಹರಡುತ್ತಲೇ ಜಾತಿ ಮತಗಳ ಭೇದವಿಲ್ಲದೆ ಜನರು ನೆರವಿಗೆ ಮುಂದಾದರು. ಆ ಕೊಠಡಿಯಲ್ಲಿ ಬಡಾವಣೆಯ ಜನರು ಜೊತೆಯಾಗಿ ಕುಳಿತು ಓದುತ್ತಿದ್ದ ಪತ್ರಿಕೆಗೆ ಯಾವ ಪರದೆಯೂ ಪರ್ಯಾಯವಲ್ಲ.

ನಮ್ಮ ಹೊಣೆ

ಕರಾವಳಿಯಿಂದ ಕಲಬುರಗಿಯವರೆಗೆ ನಮ್ಮ ಮನೆ, ಮಸೀದಿ, ಮದ್ರಸಗಳಲ್ಲಿ ಮರುಮುದ್ರಣ ಕಾಣದ ಗ್ರಂಥಗಳಿವೆ. ಹಳೆಯ ಕನ್ನಡ ಧಾರ್ಮಿಕ ಕೃತಿಗಳು, ಉರ್ದು ಹಾಗೂ ಅರಬಿ ಲಿಪಿಯ ಹಸ್ತಪ್ರತಿಗಳು, ನಿಂತುಹೋದ ಪತ್ರಿಕೆಗಳ ಸಂಚಿಕೆಗಳು ಗೆದ್ದಲಿಗೆ ಆಹಾರವಾಗುತ್ತಿವೆ. ಇವುಗಳನ್ನು ಲಂಡನ್ನಿನ ಯಾವ ಲೈಬ್ರರಿಯೂ ಕಾಯುತ್ತಿಲ್ಲ.

ಪ್ರತಿ ಜಮಾಅತ್ ಮೊದಲು ತನ್ನಲ್ಲಿರುವ ಗ್ರಂಥಗಳ ಪಟ್ಟಿಯೊಂದನ್ನು ಮಾಡಲಿ. ಇಬ್ನುನ್ನದೀಮ್ ಮಾಡಿದ್ದೂ ಅದನ್ನೇ. ಬಳಿಕ ಅಪರೂಪದವುಗಳನ್ನು ಸ್ಕ್ಯಾನ್ ಮಾಡಿ, ಪ್ರತಿಗಳನ್ನು ಎರಡು ಮೂರು ಬೇರೆ ಬೇರೆ ಸ್ಥಳಗಳಲ್ಲಿ ಇರಿಸಲಿ. ಮೂಲವನ್ನು ರದ್ದಿಗೆ ಹಾಕದಿರಲಿ. ಭಾರತದ ಕಾನೂನಿನಂತೆ ಲೇಖಕರ ಮರಣಾನಂತರ 60 ವರ್ಷಗಳವರೆಗೆ ಹಕ್ಕುಸ್ವಾಮ್ಯವಿರುತ್ತದೆ. ಅಂತಹ ಕೃತಿಗಳನ್ನು ಅನುಮತಿಯಿಲ್ಲದೆ ಪಿಡಿಎಫ್ ಮಾಡಿ ಹಂಚುವುದು ಜ್ಞಾನಸೇವೆಯಲ್ಲ, ಇನ್ನೊಬ್ಬರ ಹಕ್ಕಿನ ಉಲ್ಲಂಘನೆ. ಮನೆಯಲ್ಲಿ ಮಕ್ಕಳಿಗೆ ಮೊಬೈಲಿನಲ್ಲಿ ಹುಡುಕಲು ಕಲಿಸುವಂತೆಯೇ ಪುಸ್ತಕವನ್ನು ಆದಿಯಿಂದ ಅಂತ್ಯದವರೆಗೆ ಓದಲೂ ಕಲಿಸೋಣ.

ಗ್ರಂಥವು ಹಾಳೆಯಲ್ಲಿರಲಿ, ಪರದೆಯಲ್ಲಿರಲಿ, ಅದು ನಮ್ಮ ಕೈಗೆ ಬಂದ ಅಮಾನತು. ಹಿಂದಿನವರಿಂದ ಪಡೆದುದನ್ನು ಕೆಡದಂತೆ ಮುಂದಿನವರಿಗೆ ಒಪ್ಪಿಸುವವರೆಗೂ ಅದರ ಹೊಣೆ ತೀರುವುದಿಲ್ಲ. ಆ ಹೊಣೆಯನ್ನು ನಿರ್ವಹಿಸುವ ಸೌಭಾಗ್ಯವನ್ನು ಅಲ್ಲಾಹನು ನಮಗೆಲ್ಲರಿಗೂ ಕರುಣಿಸಲಿ. ಆಮೀನ್.