ಕಳ್ಳನ ಕೀಲಿ, ಕಂಪನಿಯ ಕೈಲಿ

ಹಾಸ್ಟೆಲಿನಲ್ಲಿದ್ದಾಗ ನಾವು ಆಡುತ್ತಿದ್ದ ಗೇಮುಗಳಲ್ಲಿ ದುಡ್ಡು ಕೊಟ್ಟು ತಂದದ್ದು ಒಂದೂ ಇರಲಿಲ್ಲ. ಒಮ್ಮೆ ರೂಮ್‌ಮೇಟ್ ಹುಮ್ಮಸ್ಸಿನಲ್ಲಿ ಕಂಪನಿಯ ಅಪ್‌ಡೇಟ್ ಹಾಕಿಬಿಟ್ಟ. ತಗೋ, ಗೇಮ್ ‘ಡಿಸ್ಕ್ ಹಾಕಿ’ ಅಂತ ಹಟ ಹಿಡಿದು ಕೂತಿತು. ಇಲ್ಲದ ಡಿಸ್ಕ್ ಎಲ್ಲಿಂದ ತರೋದು?

ಕಾರಣ ಗೊತ್ತಾಗಿದ್ದು ಆಮೇಲೆ. ಗೇಮಿನ ಮುಖ್ಯ ಫೈಲಿನೊಳಗೆ, ಡಿಸ್ಕ್ ಇದೆಯಾ ಅಂತ ನೋಡುವ ಒಂದು ಕಾವಲು ಇರುತ್ತದೆ. ಆ ಕಾವಲನ್ನು ಕಿತ್ತ ಫೈಲೇ ಕ್ರ್ಯಾಕ್. ಅಪ್‌ಡೇಟ್ ಹಾಕಿದರೆ ಆ ಜಾಗಕ್ಕೆ ಕಂಪನಿಯ ಹೊಸ ಫೈಲ್ ಬಂದು ಕೂರುತ್ತದೆ, ಜೊತೆಗೆ ಕಾವಲೂ ವಾಪಸ್. ಹಾಗಾಗಿ ಪ್ರತಿ ಅಪ್‌ಡೇಟಿಗೂ ಹೊಸ ಕ್ರ್ಯಾಕ್ ಬೇಕು.

ಈ ಕೆಲಸಕ್ಕೆಂದೇ ಗುಂಪುಗಳಿದ್ದವು. 1985ರಲ್ಲಿ ನಾರ್ವೆಯಲ್ಲಿ ಹುಟ್ಟಿದ ರೇಜರ್ 1911, 1987ರಲ್ಲಿ ಸ್ವೀಡನ್ನಿನಲ್ಲಿ ಶುರುವಾದ ಫೇರ್‌ಲೈಟ್, ಆಮೇಲೆ ಬಂದ ರೀಲೋಡೆಡ್. ಕಂಪನಿಯ ಅಪ್‌ಡೇಟ್, ಅದಕ್ಕೆ ಹೊಂದುವ ಕ್ರ್ಯಾಕ್, ಹೇಗೆ ಹಾಕಬೇಕೆಂದು ತಿಳಿಸುವ ಎನ್‌ಎಫ್‌ಒ ಎಂಬ ಚೀಟಿ: ಮೂರನ್ನೂ ಗಂಟು ಕಟ್ಟಿ ತಮ್ಮವರಿಗಷ್ಟೇ ತೆರೆದ ಸರ್ವರ್‌ಗಳಿಗೆ ಏರಿಸುತ್ತಿದ್ದರು. ಅಲ್ಲಿಂದ ಸೋರಿ ಟೊರೆಂಟಿಗೆ, ಟೊರೆಂಟಿನಿಂದ ನಮ್ಮ ಹಾಸ್ಟೆಲಿಗೆ. ಮೊದಲು ಹಾಕಿದವರಿಗೆ ಹೆಸರು. ಕೆಲಸ ಮಾಡದ ಕ್ರ್ಯಾಕ್ ಹಾಕಿದರೆ ತಮ್ಮವರಿಂದಲೇ ‘ನ್ಯೂಕ್’ ಎಂಬ ಛೀಮಾರಿ. ಇದು ಬರೀ ಹುಡುಗಾಟವಲ್ಲ. ರೇಜರ್ 1911ರ ಮುಖಂಡನೊಬ್ಬನಿಗೆ 2003ರಲ್ಲಿ ಅಮೆರಿಕದ ಕೋರ್ಟು 18 ತಿಂಗಳ ಜೈಲು ವಿಧಿಸಿತು.

ಆದರೆ ಈ ಇತಿಹಾಸದಲ್ಲಿ ನನಗೆ ಮರೆಯಲಾಗದ್ದು 2008ರ ಜುಲೈ. ಯೂಬಿಸಾಫ್ಟ್ ಕಂಪನಿಯ ರೇನ್‌ಬೋ ಸಿಕ್ಸ್ ವೇಗಾಸ್ 2 ಗೇಮನ್ನು ಕೆಲವರು ಆನ್‌ಲೈನಿನಲ್ಲಿ ದುಡ್ಡು ಕೊಟ್ಟು ಡೌನ್‌ಲೋಡ್ ಮಾಡಿಕೊಂಡಿದ್ದರು. ಹೊಸ ಅಪ್‌ಡೇಟ್ ಹಾಕಿದ್ದೇ ತಡ, ಅವರಿಗೂ ‘ಡಿಸ್ಕ್ ಹಾಕಿ’ ಅಂದಿತು. ಡೌನ್‌ಲೋಡ್ ಮಾಡಿದವರ ಹತ್ತಿರ ಡಿಸ್ಕ್ ಎಲ್ಲಿರುತ್ತೆ? ಕೊನೆಗೆ ಕಂಪನಿಯೇ ಪರಿಹಾರ ಅಂತ ಒಂದು ಫೈಲ್ ಕೊಟ್ಟಿತು. ಕುತೂಹಲಕ್ಕೆ ಯಾರೋ ಅದನ್ನು ಬಿಚ್ಚಿ ನೋಡಿದರೆ ಒಳಗೆ ‘ರೀಲೋಡೆಡ್’ ಅನ್ನುವ ರುಜು! ಕಳ್ಳರ ಕ್ರ್ಯಾಕನ್ನೇ ಕಂಪನಿ ಗಿರಾಕಿಗಳಿಗೆ ಹಂಚಿತ್ತು. ಸುದ್ದಿಯಾದ ಮೇಲೆ ಫೈಲ್ ತೆಗೆದು, ವಿಚಾರಿಸುತ್ತೇವೆ ಅಂದಿತು.

ಇಷ್ಟು ಹೇಳಿದೆ ಅಂತ ಕಳ್ಳತನ ಸರಿ ಅನ್ನುತ್ತಿಲ್ಲ. ನಾನೀಗ ಕೋಡ್ ಬರೆದೇ ಹೊಟ್ಟೆ ಹೊರೆಯುವವನು, ಗೇಮುಗಳನ್ನು ಕೊಂಡೇ ಆಡುತ್ತೇನೆ. ಆದರೆ ಕದ್ದು ಆಡುತ್ತಿದ್ದವರ ಬಾಗಿಲು ತೆರೆದೇ ಇದ್ದಾಗ, ಬೀಗ ಬಿದ್ದದ್ದು ದುಡ್ಡು ಕೊಟ್ಟವರ ಬಾಗಿಲಿಗೆ. ಆಫೀಸಿನಲ್ಲಿ ಹೊಸ ಅಪ್‌ಡೇಟ್ ಬಿಡುವ ದಿನ ನನಗೆ ಆ ‘ಡಿಸ್ಕ್ ಹಾಕಿ’ ನೆನಪಾಗುತ್ತದೆ.