ಕವಚ ತೊಟ್ಟ ರಾವುತರು

ಕರ್ಣನ ಕಥೆಯನ್ನು ಅರಿಯದ ಕನ್ನಡಿಗನಿಲ್ಲ. ಹುಟ್ಟಿನೊಡನೆಯೇ ಮೈಗಂಟಿ ಬಂದ ಕವಚವನ್ನು ಆತನು ಬ್ರಾಹ್ಮಣವೇಷದ ಇಂದ್ರನಿಗೆ ಕೊಯ್ದು ಕೊಟ್ಟನು. ಈ ಪಾಠವನ್ನು ಹೇಳುತ್ತಿರುವಾಗ ಒಮ್ಮೆ ನಮ್ಮ ತರಗತಿಯ ಬಾಲಕನೊಬ್ಬನು ಎದ್ದುನಿಂತು, “ಮಾಸ್ತರೇ, ಹುಟ್ಟುವಾಗ ಕವಚವಿಲ್ಲದವರು ಯುದ್ಧದಲ್ಲಿ ಏನು ಮಾಡುತ್ತಿದ್ದರು?” ಎಂದು ಕೇಳಿದನು. ಪ್ರಶ್ನೆಯು ಚಿಕ್ಕದು, ಉತ್ತರವು ಚಿಕ್ಕದಲ್ಲ. ಯುರೋಪಿನ ಭಾರಿ ರಾವುತದಳಗಳ ಕವಚ ಮತ್ತು ಶಿರಸ್ತ್ರಾಣಗಳ ಚರಿತ್ರೆಯನ್ನು ನೋಡಿದರೆ ಆ ಪ್ರಶ್ನೆಗೆ ಒಂದು ಸ್ಪಷ್ಟವಾದ ಉತ್ತರವು ದೊರೆಯುತ್ತದೆ. ಆದುದರಿಂದ ಆ ಚರಿತ್ರೆಯನ್ನು ಇಲ್ಲಿ ಸಂಗ್ರಹವಾಗಿ ಹೇಳಲು ಯತ್ನಿಸುತ್ತೇವೆ.

ಮೊದಲು ಬೆಲೆಯ ಮಾತು. ರೈನ್ ನದಿಯ ತೀರದಲ್ಲಿದ್ದ ಫ್ರಾಂಕ್ ಜನರ ಪ್ರಾಚೀನ ಕಾನೂನಿನಲ್ಲಿ, ದಂಡವನ್ನು ನಾಣ್ಯಕ್ಕೆ ಬದಲಾಗಿ ವಸ್ತುರೂಪದಲ್ಲಿ ತೆರುವವರಿಗಾಗಿ ಒಂದು ಬೆಲೆಪಟ್ಟಿಯಿದೆ. ಅದರಂತೆ ಒಂದು ಎತ್ತಿಗೆ 2 ಸಾಲಿಡಸ್ ನಾಣ್ಯ, ಒಂದು ಶಿರಸ್ತ್ರಾಣಕ್ಕೆ 6, ಒಂದು ಒಳ್ಳೆಯ ಕವಚಕ್ಕೆ 12. ಎಂದರೆ, ತಲೆಯನ್ನು ಕಾಪಾಡಲು ಮೂರು ಎತ್ತು, ಮೈಯನ್ನು ಕಾಪಾಡಲು ಆರು ಎತ್ತು! ಬೇಸಾಯವನ್ನು ಬಲ್ಲ ನಮ್ಮ ಮಕ್ಕಳಿಗೆ ಇದರ ಅರ್ಥವನ್ನು ಬಿಡಿಸಿ ಹೇಳಬೇಕಾಗಿಲ್ಲ. ಕ್ರಿ. ಶ. 805ರಲ್ಲಿ ಚಕ್ರವರ್ತಿ ಶಾರ್ಲ್‌ಮೇನನು ಹೊರಡಿಸಿದ ಶಾಸನದಂತೆ 12 ಹಿಡುವಳಿಗಳ ಒಡೆಯನಾದವನು ಕವಚವನ್ನು ಹೊಂದಿರಲೇಬೇಕಾಗಿದ್ದಿತು. ಕವಚವಿದ್ದೂ ಅದನ್ನು ತೊಡದೆ ದಂಡಿಗೆ ಬಂದವನು ಅರಸನಿಂದ ಪಡೆದ ಭೂಮಿಯನ್ನೂ ಆ ಕವಚವನ್ನೂ ಒಟ್ಟಿಗೆ ಕಳೆದುಕೊಳ್ಳುತ್ತಿದ್ದನು. ಭೂಮಿ, ಕುದುರೆ, ಕವಚ ಈ ಮೂರೂ ಒಂದೇ ಕೈಯಲ್ಲಿ ಸೇರಿದುವು. ಯುರೋಪಿನ ಸರದಾರವರ್ಗವು ಬೆಳೆದುದು ಹೀಗೆ.

ಆ ಕಾಲದ ರಾವುತನು ಹೇಗೆ ಕಾಣುತ್ತಿದ್ದನೆಂಬುದನ್ನು ಫ್ರಾನ್ಸಿನ ಬೇಯೊ ಪಟ್ಟಣದ ಹೆಸರಿನಿಂದ ಪ್ರಸಿದ್ಧವಾದ ಕಸೂತಿಯ ಬಟ್ಟೆಯಲ್ಲಿ ನೋಡಬಹುದು. 11ನೆಯ ಶತಮಾನದಲ್ಲಿ ನಾರುಬಟ್ಟೆಯ ಮೇಲೆ ಉಣ್ಣೆಯ ದಾರದಿಂದ ಹೊಲಿದ ಈ ಚಿತ್ರಪಟವು ಸುಮಾರು 70 ಮೀಟರು ಉದ್ದವಾಗಿದೆ. 1066ರಲ್ಲಿ ನಾರ್ಮಂಡಿಯ ವಿಲಿಯಮನು ಹೇಸ್ಟಿಂಗ್ಸ್ ಕದನದಲ್ಲಿ ಇಂಗ್ಲೆಂಡನ್ನು ಗೆದ್ದ ಕಥೆಯೇ ಅದರ ವಸ್ತು. ರಾವುತರು ಮೊಣಕಾಲಿನವರೆಗೆ ಬರುವ ಕಬ್ಬಿಣದ ಉಂಗುರಗಳ ಅಂಗಿಯನ್ನು ತೊಟ್ಟಿದ್ದಾರೆ. ಒಂದೊಂದು ಉಂಗುರವೂ ಸುತ್ತಲಿನ ನಾಲ್ಕು ಉಂಗುರಗಳೊಡನೆ ಹೆಣೆದುಕೊಂಡು ಆಗುವ ಈ ಕವಚವು ಕತ್ತಿಯ ಅಲಗನ್ನು ತಡೆಯುತ್ತದೆ. ಆದರೆ ಹೊಡೆತದ ಪೆಟ್ಟನ್ನು ತಡೆಯದು. ಆದ್ದರಿಂದ ಒಳಗಡೆ ಪದರು ಪದರಾಗಿ ಹೊಲಿದ ದಪ್ಪ ಅಂಗಿಯನ್ನು ತೊಡುತ್ತಿದ್ದರು. ತಲೆಯ ಮೇಲೆ ಶಂಕುವಿನಾಕಾರದ ಶಿರಸ್ತ್ರಾಣ. ಅದರಿಂದ ಮೂಗಿನ ಮೇಲಕ್ಕೆ ಇಳಿದ ಒಂದು ಕಬ್ಬಿಣದ ಪಟ್ಟಿ.

ಆ ಒಂದು ಪಟ್ಟಿಯೇ ಮುಖದ ಗುರುತನ್ನು ಕೆಡಿಸಲು ಸಾಕಾಗಿದ್ದಿತು. ಕದನದ ನಡುವೆ ವಿಲಿಯಮನು ಮಡಿದನೆಂಬ ಸುದ್ದಿ ಹಬ್ಬಲು, ಆತನು ಶಿರಸ್ತ್ರಾಣವನ್ನು ಹಿಂದಕ್ಕೆತ್ತಿ ತನ್ನ ಮುಖವನ್ನು ಸೈನಿಕರಿಗೆ ತೋರಿಸಬೇಕಾಯಿತು. ಈ ದೃಶ್ಯವೂ ಆ ಕಸೂತಿಯಲ್ಲಿದೆ. ಮುಂದೆ 1200ರ ಸುಮಾರಿಗೆ ಇಡೀ ತಲೆಯನ್ನೂ ಮುಖವನ್ನೂ ಮುಚ್ಚುವ ಕೊಡದಂತಹ ಶಿರಸ್ತ್ರಾಣವು ಬಳಕೆಗೆ ಬಂದಿತು. ನೋಡಲು ಒಂದು ಸಣ್ಣ ಸೀಳು, ಉಸಿರಾಡಲು ಕೆಲವು ತೂತುಗಳು, ಅಷ್ಟೆ. ಒಳಗಿರುವವನು ಮಿತ್ರನೋ ಶತ್ರುವೋ ತಿಳಿಯುವ ಬಗೆಯೆಂತು? ಗುರಾಣಿಯ ಮೇಲೆಯೂ ಮೇಲಂಗಿಯ ಮೇಲೆಯೂ ಸಿಂಹ, ಗರುಡ, ಪಟ್ಟೆ ಮುಂತಾದ ವಂಶಲಾಂಛನಗಳನ್ನು ಬಿಡಿಸುವ ಪದ್ಧತಿಯು ಈ ಕಾಲದಲ್ಲಿಯೇ ಬೇರೂರಿತು. ಮುಖವು ಮರೆಯಾದಂತೆ ಲಾಂಛನವು ಮೇಲೆದ್ದಿತು.

ಆಯುಧವು ಬಲಗೊಂಡಂತೆಲ್ಲ ಕವಚವೂ ಬಲಗೊಳ್ಳಬೇಕಾಯಿತು. ಭಾರವಾದ ಭರ್ಜಿ, ಯಂತ್ರಬಿಲ್ಲು, ಇಂಗ್ಲಿಷರ ಉದ್ದಬಿಲ್ಲು ಇವುಗಳ ಮುಂದೆ ಉಂಗುರದ ಅಂಗಿಯು ಸಾಲದಾಯಿತು. 14ನೆಯ ಶತಮಾನದಲ್ಲಿ ಮೊಣಕಾಲಿಗೊಂದು, ಮೊಣಕೈಗೊಂದು, ಎದೆಗೊಂದು ಎಂದು ಉಕ್ಕಿನ ತಗಡುಗಳು ಸೇರುತ್ತ ಬಂದು, 15ನೆಯ ಶತಮಾನದ ಆರಂಭದ ಹೊತ್ತಿಗೆ ನಡುನೆತ್ತಿಯಿಂದ ಅಂಗಾಲಿನವರೆಗೆ ಮೈಯನ್ನು ಮುಚ್ಚುವ ಪೂರ್ಣಕವಚವು ಸಿದ್ಧವಾಯಿತು. ಇಟಲಿಯ ಮಿಲಾನ್, ಜರ್ಮನಿಯ ಆಗ್ಸ್‌ಬರ್ಗ್ ಮತ್ತು ನ್ಯೂರೆಂಬರ್ಗ್ ನಗರಗಳ ಕಮ್ಮಾರರು ಈ ವಿದ್ಯೆಯಲ್ಲಿ ಜಗದ್ವಿಖ್ಯಾತರಾದರು. ಅವರ ಜಾಣ್ಮೆಯು ತಗಡಿನ ದಪ್ಪದಲ್ಲಿ ಮಾತ್ರ ಇರಲಿಲ್ಲ, ಅದರ ಆಕಾರದಲ್ಲಿದ್ದಿತು. ಎದೆಯ ತಗಡನ್ನು ಉಬ್ಬಾಗಿಯೂ ನುಣುಪಾಗಿಯೂ ಬಡಿದುದರಿಂದ ಬಾಣದ ಮೊನೆಯು ನಾಟದೆ ಜಾರಿಹೋಗುತ್ತಿದ್ದಿತು. ಶಿರಸ್ತ್ರಾಣಕ್ಕೆ ಮೇಲೆತ್ತಿ ಇಳಿಸಬಹುದಾದ ಮುಖಪಟವನ್ನು ಕೂಡಿಸಿದುದರಿಂದ ಉಸಿರಿಗೂ ನೋಟಕ್ಕೂ ಸ್ವಲ್ಪ ಅನುಕೂಲವಾಯಿತು.

ಇಲ್ಲಿ ಒಂದು ತಪ್ಪು ತಿಳಿವಳಿಕೆಯನ್ನು ತಿದ್ದುವುದು ಅವಶ್ಯ. ಕವಚ ತೊಟ್ಟವನು ತಾನಾಗಿ ಕುದುರೆಯನ್ನೇರಲಾರನು, ಅವನನ್ನು ರಾಟೆಗೆ ಕಟ್ಟಿ ಎತ್ತಿ ಜೀನಿನ ಮೇಲೆ ಕೂರಿಸುತ್ತಿದ್ದರು ಎಂಬ ಮಾತು ಬಹಳ ಕಡೆ ಪ್ರಚಾರದಲ್ಲಿದೆ. ಇದು ಶುದ್ಧ ಕಟ್ಟುಕಥೆ. ಯುದ್ಧದ ಪೂರ್ಣಕವಚದ ತೂಕವು ಸುಮಾರು 20ರಿಂದ 25 ಕಿಲೋಗ್ರಾಂ. ಅಷ್ಟು ತೂಕದ ಅಕ್ಕಿಯ ಮೂಟೆಯನ್ನು ಹೆಗಲ ಮೇಲೆ ಹೊತ್ತರೆ ಕಷ್ಟವಾದೀತು; ಆದರೆ ಕವಚದ ಭಾರವು ಮೈಯೆಲ್ಲಕ್ಕೂ ಹಂಚಿಹೋಗುತ್ತಿದ್ದಿತು. ಫ್ರಾನ್ಸಿನ ದಂಡನಾಯಕ ಬೂಸಿಕೋ ಎಂಬಾತನು ಕವಚವನ್ನು ತೊಟ್ಟೇ ಲಾಗ ಹೊಡೆಯುತ್ತಿದ್ದನೆಂದು ಅವನ ಚರಿತ್ರೆಯಲ್ಲಿ ಹೇಳಿದೆ. ಕ್ರೀಡಾಕಾಳಗಕ್ಕಾಗಿ ಮಾಡಿದ ವಿಶೇಷ ಕವಚಗಳು ಮಾತ್ರ ಇದಕ್ಕಿಂತ ಬಹಳ ಭಾರವಾಗಿದ್ದುವು. ಭಾರಕ್ಕಿಂತ ಹೆಚ್ಚಿನ ಪೀಡೆಯೆಂದರೆ ಸೆಕೆ ಮತ್ತು ಉಸಿರಿನ ಕಟ್ಟು.

ಆದರೂ ಈ ಉಕ್ಕಿನ ಕೋಟೆಗೆ ಬಿರುಕುಗಳಿದ್ದುವು. ಮೊದಲನೆಯದು ಕುದುರೆ. 1346ರ ಕ್ರೆಸಿ ಕದನದಲ್ಲಿ ಇಂಗ್ಲಿಷ್ ಬಿಲ್ಲಾಳುಗಳ ಬಾಣಗಳು ಕುದುರೆಗಳನ್ನು ಕೆಡವಿದುವು. ಕುದುರೆ ಬಿದ್ದ ಬಳಿಕ ರಾವುತನ ವೇಗವೇ ಉಳಿಯಲಿಲ್ಲ. ಎರಡನೆಯದು ನೆಲ. 1415ರ ಅಜಿನ್‌ಕೋರ್ ಕದನದಲ್ಲಿ ಮಳೆಯಿಂದ ಕೆಸರಾದ ಉಳುಮೆಯ ಹೊಲವೇ ಫ್ರೆಂಚ್ ಸರದಾರರಿಗೆ ಶತ್ರುವಾಯಿತು. ಮೂರನೆಯದು ಆ ಕಣ್ಣಿನ ಸೀಳು. 1559ರಲ್ಲಿ ಪ್ಯಾರಿಸಿನ ಕ್ರೀಡಾಕಾಳಗವೊಂದರಲ್ಲಿ ಎದುರಾಳಿಯ ಭರ್ಜಿಯು ಮುರಿದು, ಅದರ ಸಿಬಿರು ಫ್ರಾನ್ಸಿನ ದೊರೆ ಎರಡನೆಯ ಹೆನ್ರಿಯ ಮುಖಪಟದೊಳಗೆ ನುಗ್ಗಿತು. ಹತ್ತು ದಿನಗಳ ನೋವಿನ ಬಳಿಕ ದೊರೆಯು ಮಡಿದನು. ರಾಜ್ಯದ ಅತ್ಯುತ್ತಮ ಕವಚವೂ ಮರದ ಒಂದು ಚೂರನ್ನು ತಡೆಯಲಾರದೆ ಹೋಯಿತು.

ಎಲ್ಲಕ್ಕಿಂತ ದೊಡ್ಡ ಶತ್ರುವೆಂದರೆ ಮದ್ದಿನ ಕೋವಿ. 1525ರ ಪಾವಿಯ ಕದನದಲ್ಲಿ ಕೋವಿ ಹಿಡಿದ ಕಾಲಾಳುಗಳು ಫ್ರಾನ್ಸಿನ ಕವಚಧಾರಿ ರಾವುತರನ್ನು ಕೆಡವಿದರು. ದೊರೆ ಒಂದನೆಯ ಫ್ರಾನ್ಸಿಸನೇ ಸೆರೆಸಿಕ್ಕನು. ಕಮ್ಮಾರರು ಸೋಲೊಪ್ಪಲಿಲ್ಲ. ಎದೆಯ ತಗಡನ್ನು ಇನ್ನಷ್ಟು ದಪ್ಪ ಮಾಡಿದರು. ಮಾರುವ ಮೊದಲು ಅದರ ಮೇಲೆ ಗುಂಡು ಹಾರಿಸಿ ನೋಡುತ್ತಿದ್ದರು. ಗುಂಡು ತಾಗಿ ಬಿದ್ದ ತಗ್ಗೇ ಕವಚದ ಗಟ್ಟಿತನಕ್ಕೆ ಸಾಕ್ಷಿಯಾಗಿದ್ದಿತು. ಹೀಗೆ 17ನೆಯ ಶತಮಾನದಲ್ಲಿ ತೂಕವು 30 ಕಿಲೋಗ್ರಾಮನ್ನೂ ಮೀರಿತು. ಭಾರವನ್ನು ತಾಳಲಾರದೆ ಮೊದಲು ಕಾಲಿನ ಕವಚವನ್ನು, ಅನಂತರ ತೋಳಿನ ಕವಚವನ್ನು ಬಿಟ್ಟರು. 1632ರಲ್ಲಿ ಲ್ಯೂಟ್ಸೆನ್ ಕದನದಲ್ಲಿ ಮಡಿದ ಸ್ವೀಡನ್ನಿನ ದೊರೆ ಗುಸ್ಟಾವಸ್ ಅಡಾಲ್ಫಸನು ಉಕ್ಕನ್ನೇ ತೊಟ್ಟಿರಲಿಲ್ಲ. ಹಳೆಯ ಗುಂಡಿನ ಗಾಯವು ನೋಯುತ್ತಿದ್ದುದರಿಂದ ತೊಗಲಿನ ಅಂಗಿಯನ್ನಷ್ಟೇ ತೊಟ್ಟಿದ್ದನು. ಇಂಗ್ಲೆಂಡಿನ ಅಂತರ್ಯುದ್ಧದಲ್ಲಿ ಸರ್ ಆರ್ಥರ್ ಹೇಸೆಲ್ರಿಗನ ದಳವು ಹಳೆಯ ಬಗೆಯ ಕವಚವನ್ನು ತೊಟ್ಟು ಬಂದುದಕ್ಕೆ ಜನರು ಸಮುದ್ರದ ದೊಡ್ಡ ಸಿಗಡಿಯ ಹೆಸರನ್ನೇ ಅದಕ್ಕೆ ಅಡ್ಡಹೆಸರಾಗಿ ಇಟ್ಟರು. 1643ರ ರೌಂಡ್‌ವೇ ಡೌನ್ ಕದನದಲ್ಲಿ ಪಿಸ್ತೂಲಿನ ಗುಂಡುಗಳು ಹೇಸೆಲ್ರಿಗನ ಮೈಗೆ ನಾಟಲಿಲ್ಲ. ಆದರೇನು? ಅವನ ದಳವು ಸೋತು ಓಡಿತು. ಕವಚವು ಜೀವವನ್ನು ಉಳಿಸಿತು, ಜಯವನ್ನು ತರಲಿಲ್ಲ.

ಇಷ್ಟಾದರೂ ಕವಚವು ಪೂರ್ತಿಯಾಗಿ ಮಾಯವಾಗಲಿಲ್ಲ. ನೆಪೋಲಿಯನ್ನನು ತನ್ನ ಭಾರಿ ರಾವುತದಳಗಳಿಗೆ ಉಕ್ಕಿನ ಎದೆಗವಚವನ್ನೂ, ಕುದುರೆಯ ಕೂದಲಿನ ಜುಟ್ಟುಳ್ಳ ಶಿರಸ್ತ್ರಾಣವನ್ನೂ ಕೊಡಿಸಿದನು. ಇವರನ್ನು ಕ್ಯೂರಾಸಿಯರ್ ಎಂದು ಕರೆಯುತ್ತಿದ್ದರು. ಈಗ ತೊಟ್ಟವನು ಭೂಮಾಲೀಕನಲ್ಲ, ಸರಕಾರದ ಸಂಬಳದಾಳು. ಪ್ಯಾರಿಸಿನ ಸೇನಾ ವಸ್ತುಸಂಗ್ರಹಾಲಯದಲ್ಲಿ ಫೋವೋ ಎಂಬ ಯುವಕನ ಎದೆಗವಚವೊಂದಿದೆ. 1815ರ ಜೂನ್ 18ರಂದು ವಾಟರ್ಲೂ ಕದನದಲ್ಲಿ ಫಿರಂಗಿಯ ಗುಂಡೊಂದು ಎದೆಯ ತಗಡನ್ನು ಸೀಳಿ ಬೆನ್ನಿನ ತಗಡಿನಿಂದ ಹೊರಬಿದ್ದಿದೆ. ಆ ತೂತನ್ನು ನೋಡಿದವರಿಗೆ ಬೇರೆ ಪಾಠವು ಬೇಕಿಲ್ಲ. ಆದರೆ ಸೇನಾಪತಿಗಳು ಪಾಠವನ್ನು ಬೇಗನೆ ಕಲಿಯಲಿಲ್ಲ. 1870ರ ಆಗಸ್ಟ್ 6ರಂದು ಫ್ರಾನ್ಸಿನ ಕ್ಯೂರಾಸಿಯರರು ಮೋರ್ಸ್‌ಬ್ರಾನ್ ಹಳ್ಳಿಯ ಬೀದಿಗಳಲ್ಲಿ ಪ್ರಷ್ಯದ ಬಂದೂಕುಗಳಿಗೆ ಆಹುತಿಯಾದರು. 1914ರಲ್ಲಿಯೂ ಅವರು ಎದೆಗವಚವನ್ನು ತೊಟ್ಟೇ ಯುದ್ಧಕ್ಕೆ ಹೊರಟರು. ಅದರ ಹೊಳಪು ಶತ್ರುವಿಗೆ ಕಾಣದಿರಲೆಂದು ಬಟ್ಟೆಯನ್ನು ಹೊದಿಸಿದ್ದರು!

ಅದೇ ಸಮಯದಲ್ಲಿ ಅವರ ಪಕ್ಕದಲ್ಲಿ ನಡೆಯುತ್ತಿದ್ದ ಲಕ್ಷಾಂತರ ಕಾಲಾಳುಗಳ ತಲೆಯ ಮೇಲೆ ಏನಿದ್ದಿತು? ಬಟ್ಟೆಯ ಟೋಪಿ. ಕಂದಕಗಳಲ್ಲಿ ಕುಳಿತ ಆ ರೈತರ, ಕೂಲಿಗಳ, ಶಾಲಾಮಾಸ್ತರರ ತಲೆಗಳ ಮೇಲೆ ಸಿಡಿಗುಂಡಿನ ಚೂರುಗಳು ಮಳೆಯಂತೆ ಸುರಿದುವು. ಆಗ ಫ್ರೆಂಚ್ ಅಧಿಕಾರಿ ಆಡ್ರಿಯನ್ ಎಂಬಾತನು ಮೊದಲು ಟೋಪಿಯೊಳಗೆ ಇಟ್ಟುಕೊಳ್ಳುವ ಉಕ್ಕಿನ ಬೋಗುಣಿಯನ್ನೂ, 1915ರಲ್ಲಿ ಪೂರ್ಣ ಶಿರಸ್ತ್ರಾಣವನ್ನೂ ಸಿದ್ಧಪಡಿಸಿದನು. ಅದರ ತೂಕವು ಸುಮಾರು 700 ಗ್ರಾಂ. ಅದೇ ವರ್ಷ ಬ್ರಿಟಿಷರು ತಟ್ಟೆಯಂತೆ ಅಂಚು ಚಾಚಿದ ಶಿರಸ್ತ್ರಾಣವನ್ನು ತಂದರು. 1916ರಲ್ಲಿ ಜರ್ಮನರು ಕತ್ತು ಕಿವಿಗಳನ್ನು ಮರೆಮಾಡುವಂತಹದನ್ನು ತಂದರು. ಮೊದಲನೆಯದು ಮಧ್ಯಯುಗದ ಕಾಲಾಳಿನ ಕಬ್ಬಿಣದ ಟೋಪಿಯನ್ನೂ, ಎರಡನೆಯದು 15ನೆಯ ಶತಮಾನದ ಸರದಾರನ ಶಿರಸ್ತ್ರಾಣವನ್ನೂ ಹೋಲುತ್ತಿದ್ದುವು. ಅಮೆರಿಕದ ಸೇನೆಯಂತೂ ಹೊಸ ಮಾದರಿಗಳಿಗಾಗಿ ನ್ಯೂಯಾರ್ಕಿನ ವಸ್ತುಸಂಗ್ರಹಾಲಯದಲ್ಲಿ ಹಳೆಯ ಕವಚಗಳನ್ನು ನೋಡಿಕೊಳ್ಳುತ್ತಿದ್ದ ವಿದ್ವಾಂಸ ಬ್ಯಾಷ್‌ಫರ್ಡ್ ಡೀನನ ನೆರವನ್ನು ಪಡೆಯಿತು. ಹಳೆಯದೆಲ್ಲ ನಿರುಪಯುಕ್ತವೆನ್ನುವವರು ಇದನ್ನು ಗಮನಿಸಬೇಕು.

ಎದೆಗವಚವು ಇಂದು ಲಂಡನ್ನಿನ ರಾಜಗೃಹದ ರಾವುತದಳದ ಮೆರವಣಿಗೆಯಲ್ಲಿ ಹೊಳೆಯುತ್ತಿದೆ. ಉಕ್ಕಿನ ಶಿರಸ್ತ್ರಾಣವಾದರೋ ಸಾಮಾನ್ಯ ಸೈನಿಕನ ತಲೆಯ ಮೇಲೆ ಏರಿತು. ಸಾವಿರ ವರ್ಷಗಳ ಈ ಚರಿತ್ರೆಯಲ್ಲಿ ನಮಗೆ ಮುಖ್ಯವಾಗಿ ತೋರುವುದು ಇದೇ: ಮೂರು ಎತ್ತುಗಳ ಬೆಲೆಯನ್ನು ಕೊಡಬಲ್ಲವನ ತಲೆಯನ್ನು ಮಾತ್ರ ಕಾಪಾಡುತ್ತಿದ್ದ ಉಕ್ಕು, ಕೊನೆಗೆ ಎತ್ತನ್ನು ಹೂಡುವವನ ತಲೆಯನ್ನೂ ಕಾಪಾಡಬೇಕೆಂದು ರಾಜ್ಯಗಳಿಗೆ ತೋರಿತು. ಅದಕ್ಕೆ ಲಕ್ಷಾಂತರ ತಲೆಗಳು ಉರುಳಬೇಕಾದುದು ಮಾತ್ರ ದುಃಖದ ಸಂಗತಿ.

ಆ ಬಾಲಕನಿಗೆ ನಾವು ಕೊಟ್ಟ ಉತ್ತರವೂ ಇಷ್ಟೇ: “ಮಗೂ, ಹುಟ್ಟುವಾಗ ಕವಚವಿಲ್ಲದವರಲ್ಲಿ ಉಳ್ಳವರು ಕೊಂಡು ತೊಟ್ಟರು, ಇಲ್ಲದವರು ಬರಿಮೈಯಲ್ಲಿ ನಿಂತರು.” ಅವನು ಸುಮ್ಮನೆ ಕುಳಿತುಕೊಂಡನು. ಆ ದಿನದ ಪಾಠವನ್ನು ನಾವು ಅಲ್ಲಿಗೇ ನಿಲ್ಲಿಸಿದೆವು.