ಹಲಸಿಯ ತಾಮ್ರಪಟಗಳು: ನೂರೈವತ್ತು ವರ್ಷಗಳ ಓದು

ಖಾನಾಪುರ ತಾಲ್ಲೂಕಿನ ಹಲಸಿ ಇಂದು ಭೂವರಾಹ ನರಸಿಂಹ ದೇವಾಲಯಕ್ಕೆ ಹೆಸರಾದ ಊರು. ಐದು–ಆರನೇ ಶತಮಾನದಲ್ಲಿ ಇದು ಪಲಾಶಿಕಾ, ಬನವಾಸಿ ಕದಂಬರ ಇನ್ನೊಂದು ರಾಜಧಾನಿ. ಊರಾಚೆ ನಂದಗಡದ ದಾರಿಯಲ್ಲಿ ಚಕ್ರತೀರ್ಥವೆಂಬ ಚಿಕ್ಕ ಬಾವಿಯಿದ್ದು, ಅದರ ಪಕ್ಕದ ಮಣ್ಣದಿಬ್ಬದಲ್ಲಿ 19ನೇ ಶತಮಾನದಲ್ಲಿ ಏಳು ತಾಮ್ರಶಾಸನಗಳು ಸಿಕ್ಕವು. ಕಾಕುಸ್ಥವರ್ಮ, ಮೃಗೇಶವರ್ಮ, ರವಿವರ್ಮ, ಹರಿವರ್ಮ ಇವರ ಕಾಲದ ಈ ದಾನಪತ್ರಗಳೆಲ್ಲ ಜೈನರಿಗೆ ಸಂಬಂಧಿಸಿದವು. ಒಂದೇ ಊರಿನ ಒಂದು ಧಾರ್ಮಿಕ ಸಮಾಜವನ್ನು ಹಲವು ತಲೆಮಾರುಗಳವರೆಗೆ ಹಿಂಬಾಲಿಸುವ ಇಷ್ಟು ಹಳೆಯ ಬರಹಗಳು ಕರ್ನಾಟಕದಲ್ಲಿ ವಿರಳ.

ಇದೇ ಕಾಲಕ್ಕೆ ಈಜಿಪ್ಟಿನ ಕ್ರೈಸ್ತರು ಗ್ರೀಕ್ ಮತ್ತು ಕಾಪ್ಟಿಕ್ ಭಾಷೆಗಳಲ್ಲಿ ತಮ್ಮ ಬದುಕನ್ನು ಪಪೈರಸ್ ಹಾಳೆಗಳ ಮೇಲೂ ಮಡಕೆಯ ಚೂರುಗಳ ಮೇಲೂ ಬರೆದಿಡುತ್ತಿದ್ದರು. ಅಲ್ಲಿನ ಒಣ ಮರಳು ಸಾಲಪತ್ರ, ಮಠದ ಲೆಕ್ಕ, ತಾಯಿ ಮಗನಿಗೆ ಬರೆದ ಓಲೆ ಎಲ್ಲವನ್ನೂ ಕಾಪಾಡಿತು. ಖಾನಾಪುರದ ಮಳೆಯಲ್ಲಿ ತಾಳೆಗರಿ ಉಳಿಯುವ ಮಾತೇ ಇಲ್ಲ. ಉಳಿದದ್ದು ತಾಮ್ರ ಮತ್ತು ಕಲ್ಲು, ಅಂದರೆ ದಾನಿಗಳು ಶಾಶ್ವತವಾಗಿರಲಿ ಎಂದು ಬಯಸಿದ ಮಾತು ಮಾತ್ರ. ಈ ಮಿತಿಯೊಳಗೇ ಒಂದೂವರೆ ಶತಮಾನದಿಂದ ವಿದ್ವಾಂಸರು ಹಲಸಿ–ಬೆಳಗಾವಿಯ ಬರಹಗಳಿಗೆ ಬೇರೆ ಬೇರೆ ಪ್ರಶ್ನೆ ಕೇಳುತ್ತ ಬಂದಿದ್ದಾರೆ.

ಮೊದಲ ಪ್ರಶ್ನೆ: ಯಾವ ಅರಸ, ಯಾವ ಕಾಲ?

ಶಾಸನ ಸಂಗ್ರಹಕ್ಕೆ ಈ ಭಾಗದಲ್ಲಿ ಅಡಿಪಾಯ ಹಾಕಿದವನು ವಾಲ್ಟರ್ ಎಲಿಯಟ್. 1824ರ ಕಿತ್ತೂರು ಕಾಳಗದಲ್ಲಿ ಸೆರೆಸಿಕ್ಕ ಆಂಗ್ಲ ಅಧಿಕಾರಿಗಳಲ್ಲಿ ಒಬ್ಬನಾದ ಈತ ಮುಂದೆ ನೂರಾರು ಕನ್ನಡ ಶಾಸನಗಳ ನಕಲು ಮಾಡಿಸಿದ. 1874ರಲ್ಲಿ ಜೇಮ್ಸ್ ಬರ್ಗೆಸ್ ಬೆಳಗಾವಿ ಮತ್ತು ಕಲಾದಗಿ ಜಿಲ್ಲೆಗಳನ್ನು ಸುತ್ತಿ ಪಶ್ಚಿಮ ಭಾರತದ ಪುರಾತತ್ತ್ವ ಸರ್ವೇಕ್ಷಣೆಯ ಮೊದಲ ವರದಿ ಸಿದ್ಧಪಡಿಸಿದ.

ಹಲಸಿಯ ಪಟಗಳನ್ನು ಓದಿ ಜಗತ್ತಿಗೆ ತಿಳಿಸಿದವನು ಜೆ. ಎಫ್. ಫ್ಲೀಟ್. ಮೊದಲು ಬಾಂಬೆಯ ಏಷ್ಯಾಟಿಕ್ ಸೊಸೈಟಿಯ ಪತ್ರಿಕೆಯಲ್ಲಿ, ಮತ್ತೆ 1877ರಲ್ಲಿ ‘ಇಂಡಿಯನ್ ಆಂಟಿಕ್ವರಿ’ಯಲ್ಲಿ ಪಾಠ ಮತ್ತು ಅನುವಾದಗಳನ್ನು ಪ್ರಕಟಿಸಿದ. ಸಂಗೊಳ್ಳಿ ರಾಯಣ್ಣನ ಲಾವಣಿಯನ್ನೂ ಬರೆದುಕೊಂಡ ಈತನಿಗೆ ಜನರ ಮಾತಿನ ಮೇಲೆ ಆಸಕ್ತಿಯಿತ್ತು. ಆದರೆ ಶಾಸನದ ಮುಂದೆ ಕೂತಾಗ ಅವನ ಚಿಂತೆ ವಂಶಾವಳಿಯದು. ಅದು ಅನಿವಾರ್ಯವೂ ಆಗಿತ್ತು. ಹಲಸಿಯ ಪಟಗಳಲ್ಲಿ ಶಕವರ್ಷವಿಲ್ಲ, ಹಲವುಗಳಲ್ಲಿ ಅರಸನ ಆಳ್ವಿಕೆಯ ಎಂಟನೇ ವರ್ಷ, ಹನ್ನೊಂದನೇ ವರ್ಷ ಎಂಬಷ್ಟೇ ಇದೆ. ಯಾರ ನಂತರ ಯಾರು ಎಂಬುದು ಗೊತ್ತಾಗದೆ ಮುಂದಿನ ಹೆಜ್ಜೆ ಇಡುವಂತಿರಲಿಲ್ಲ. 1882ರ ಅವನ ‘ಕನ್ನಡ ಜಿಲ್ಲೆಗಳ ರಾಜವಂಶಗಳು’ ಗ್ರಂಥ ಈ ಶ್ರಮದ ಫಲ. 1931ರಲ್ಲಿ ಜಾರ್ಜ್ ಮೊರಾಯೆಸ್ ಅವರ ‘ಕದಂಬ ಕುಲ’ ಬನವಾಸಿ, ಹಾನಗಲ್ಲು, ಗೋವೆಯ ಶಾಖೆಗಳನ್ನೆಲ್ಲ ಒಂದೇ ಕಥನಕ್ಕೆ ತಂದಿತು.

ಎರಡನೆಯ ಪ್ರಶ್ನೆ: ದಾನ ಪಡೆದವರು ಯಾರು?

ಪಲಾಶಿಕೆಯಲ್ಲಿ ತಂದೆಯ ನೆನಪಿಗೆ ಜಿನಾಲಯ ಕಟ್ಟಿಸಿದ ಮೃಗೇಶವರ್ಮ 33 ನಿವರ್ತನ ಭೂಮಿ ಕೊಟ್ಟದ್ದು ಒಂದೇ ಪಂಥಕ್ಕಲ್ಲ, ಯಾಪನೀಯ, ನಿರ್ಗ್ರಂಥ, ಕೂರ್ಚಕ ಎಂಬ ಮೂರಕ್ಕೆ. ರಾಜವಂಶಗಳ ಲೆಕ್ಕದಲ್ಲಿ ಈ ಹೆಸರುಗಳು ಅಡಿಟಿಪ್ಪಣಿಯಾಗಿದ್ದವು. ಅವುಗಳನ್ನು ಮುಂದಕ್ಕೆ ತಂದವರಲ್ಲಿ ಬೆಳಗಾವಿ ಜಿಲ್ಲೆಯ ಸದಲಗಾದಲ್ಲಿ ಹುಟ್ಟಿ ಕೊಲ್ಹಾಪುರದ ರಾಜಾರಾಮ ಕಾಲೇಜಿನಲ್ಲಿ ಪಾಠ ಹೇಳಿದ ಆ. ನೇ. ಉಪಾಧ್ಯೆ (1906–1975) ಪ್ರಮುಖರು. ಯಾಪನೀಯ ಮುನಿಗಳು ದಿಗಂಬರರಂತೆ ನಗ್ನರು, ಆದರೆ ಸ್ತ್ರೀಗೆ ಮೋಕ್ಷವುಂಟು ಎಂಬಲ್ಲಿ ಶ್ವೇತಾಂಬರರ ಜೊತೆಗಾರರು. ಈ ಪಂಥ ಮುಂದೆ ಕಣ್ಮರೆಯಾಯಿತು. ವೈಯಾಕರಣ ಶಾಕಟಾಯನನ ಬರಹದಂಥ ಕೆಲವನ್ನು ಬಿಟ್ಟರೆ ಅದರ ಚರಿತ್ರೆಗೆ ಶಾಸನಗಳೇ ಮುಖ್ಯ ಸಾಕ್ಷಿ.

ಕೆ. ಜಿ. ಕುಂದಣಗಾರರು 1939ರಲ್ಲಿ ಉತ್ತರ ಕರ್ನಾಟಕ ಮತ್ತು ಕೊಲ್ಹಾಪುರ ಸಂಸ್ಥಾನದ ಶಾಸನಗಳನ್ನು ಪ್ರಕಟಿಸಿದರು. ಅದೇ ವರ್ಷ ಧಾರವಾಡದಲ್ಲಿ ಕನ್ನಡ ಸಂಶೋಧನ ಸಂಸ್ಥೆ ಆರಂಭವಾಯಿತು. ಪಿ. ಬಿ. ದೇಸಾಯಿ ಅವರ ‘ದಕ್ಷಿಣ ಭಾರತದಲ್ಲಿ ಜೈನಧರ್ಮ’ (1957) ಶಾಸನಗಳನ್ನು ಅರಸರ ಕೈಯಿಂದ ಬಿಡಿಸಿ ಮುನಿಸಂಘ, ಬಸದಿ, ಶ್ರಾವಕರ ಕೈಗೆ ಒಪ್ಪಿಸಿತು. ಈ ಕ್ಷೇತ್ರದ ದಿಕ್ಕು ಬದಲಾದದ್ದು ಇಲ್ಲಿಯೇ ಎಂದು ನನ್ನ ಭಾವನೆ.

ಮೂರನೆಯ ಪ್ರಶ್ನೆ: ಊರು ಹೇಗೆ ಬಾಳುತ್ತಿತ್ತು?

ಬಿ. ಆರ್. ಗೋಪಾಲ್ ಸಂಪಾದಿಸಿದ ಕದಂಬ ಶಾಸನಗಳ ಸಂಪುಟ 1985ರಲ್ಲಿ ಶಿರಸಿಯಿಂದ ಹೊರಬಂದ ಮೇಲೆ ಚದುರಿದ್ದ ಪಾಠಗಳನ್ನು ಪಕ್ಕಪಕ್ಕದಲ್ಲಿಟ್ಟು ಓದುವುದು ಸುಲಭವಾಯಿತು. ಹಾಗೆ ಓದಿದಾಗ ಒಂದು ಮನೆತನವೇ ಎದ್ದು ಕಾಣುತ್ತದೆ. ಯುವರಾಜ ಕಾಕುಸ್ಥ ತನ್ನನ್ನು ಕಾಪಾಡಿದ ಸೇನಾಪತಿ ಶ್ರುತಕೀರ್ತಿಗೆ ಖೇಟಗ್ರಾಮದಲ್ಲಿ ಹೊಲ ಕೊಡುತ್ತಾನೆ. ಮೃಗೇಶನ ಕಾಲಕ್ಕೆ ಆ ಊರು ಅದೇ ಮನೆತನದ ದಾಮಕೀರ್ತಿಯ ತಾಯಿಗೆ ಸೇರುತ್ತದೆ. ರವಿವರ್ಮನ ಕಾಲಕ್ಕೆ ದಾಮಕೀರ್ತಿಯ ಹಿರಿಯ ಮಗ, ಪ್ರತೀಹಾರ ಜಯಕೀರ್ತಿ ಬರುತ್ತಾನೆ. ಅರಸು ಬದಲಾದರೂ ಭೂಮಿಯ ಹಕ್ಕು ಅದೇ ಮನೆಯಲ್ಲಿ ಸುತ್ತುತ್ತದೆ, ನಡುವೆ ಹೆಂಗಸೊಬ್ಬಳ ಹೆಸರಿಗೂ ಬರುತ್ತದೆ.

ಆ ಊರಿನ ಉತ್ಪನ್ನದಿಂದ ಕಾರ್ತಿಕ ಹುಣ್ಣಿಮೆಗೆ ಎಂಟು ದಿನ ಜಿನೇಂದ್ರನ ಉತ್ಸವ ನಡೆಯಬೇಕು, ಮಳೆಗಾಲದ ನಾಲ್ಕು ತಿಂಗಳು ಯಾಪನೀಯ ತಪಸ್ವಿಗಳಿಗೆ ಊಟ ನಡೆಯಬೇಕು ಎಂಬುದು ರವಿವರ್ಮನ ಕಟ್ಟಳೆ. ಜಾಂಬೋಟಿ–ಕಣಕುಂಬಿಯ ಮಳೆ ಬಲ್ಲವರಿಗೆ ಈ ಕಟ್ಟಳೆಯ ಬೆಲೆ ಬಿಡಿಸಿ ಹೇಳಬೇಕಿಲ್ಲ. ಹರಿವರ್ಮನ ಪಟದಲ್ಲಿ ಜಿನಾಲಯ ಕಟ್ಟಿಸಿದವನು ಭಾರದ್ವಾಜ ಗೋತ್ರದ ಸೇನಾಪತಿಯ ಮಗ. ಮತಗಳ ನಡುವೆ ನಾವು ಇಂದು ಎಳೆಯುವ ಗೆರೆ ಅಂದಿಗೆ ಹೊಂದುವುದಿಲ್ಲ.

ಬೆಳಗಾವಿ ನಗರದ ಸಾಕ್ಷಿ ಬೇರೆ ಬಗೆಯದು. ವಡಗಾಂವ–ಮಾಧವಪುರದಲ್ಲಿ 1970ರ ದಶಕದಲ್ಲಿ ಅ. ಸುಂದರ ಅವರ ಉತ್ಖನನ ಸಾತವಾಹನ ಕಾಲದ ಪಟ್ಟಣವನ್ನು ಹೊರತೆಗೆಯಿತು. ವೈದಿಕ ಯಜ್ಞಗಳನ್ನು ಹೇಳುವ ಬ್ರಾಹ್ಮಿ ಶಾಸನವೂ ಅಲ್ಲಿಯದೇ. ಕೋಟೆಯೊಳಗಿನ ಕಮಲ ಬಸದಿ ರಟ್ಟ ವಂಶದ ಅರಸ ನಾಲ್ಕನೆಯ ಕಾರ್ತವೀರ್ಯನ ಮಂತ್ರಿ ಬೀಚಣನ ಕಾಲದ್ದು. 1204ರ ಎರಡು ಶಾಸನಗಳು ರಟ್ಟ ಜಿನಾಲಯಕ್ಕೆ ಕೊಟ್ಟ ಭೂಮಿಯ ಜೊತೆಗೆ ವೇಣುಗ್ರಾಮದ, ಅಂದರೆ ಅಂದಿನ ಬೆಳಗಾವಿಯ, ಪೇಟೆಯ ವರ್ತಕರು ತಮ್ಮ ಸರಕಿನ ಮೇಲೆ ಒಪ್ಪಿಕೊಂಡ ಸುಂಕವನ್ನೂ ದಾಖಲಿಸುತ್ತವೆ. ಲಾಟ ಮತ್ತು ಮಲೆಯಾಳದ ವ್ಯಾಪಾರಿಗಳೂ ಅಲ್ಲಿದ್ದರು. ಈ ಕಲ್ಲುಗಳು ಈಗ ಲಂಡನ್ನಿನ ಬ್ರಿಟಿಷ್ ಮ್ಯೂಸಿಯಂನಲ್ಲಿವೆ, ಎಲ್. ಡಿ. ಬಾರ್ನೆಟ್ ಅವನ್ನು ‘ಎಪಿಗ್ರಾಫಿಯಾ ಇಂಡಿಕಾ’ದ 13ನೇ ಸಂಪುಟದಲ್ಲಿ ಪ್ರಕಟಿಸಿದರು.

ಹಲಸಿಯ ಪಟಗಳು ಸಂಸ್ಕೃತದಲ್ಲಿವೆ. ಬೆಳಗಾವಿಯ ಕಲ್ಲುಗಳ ಹೊತ್ತಿಗೆ ದಾನ, ಸುಂಕ, ಗಡಿಗಳ ವಿವರ ಕನ್ನಡಕ್ಕೆ ಬಂದಿದೆ. ಈಜಿಪ್ಟಿನಲ್ಲೂ ಮೊದಲು ಗ್ರೀಕಿನಲ್ಲಿ ನಡೆಯುತ್ತಿದ್ದ ಕರಾರುಗಳು ಕ್ರಮೇಣ ನೆಲದ ಮಾತಾದ ಕಾಪ್ಟಿಕ್‌ಗೆ ಇಳಿದವು. ಅಲ್ಲಿನ ವಿದ್ವಾಂಸರೂ ಬಹುಕಾಲ ಗ್ರೀಕ್ ಹಾಳೆಗಳಿಗೇ ಮಣೆ ಹಾಕಿದ್ದರು. ಎರಡನ್ನೂ ಒಟ್ಟಿಗೆ ಓದಲು ತೊಡಗಿದ ಮೇಲೆ ಹಳ್ಳಿ ಮತ್ತು ಮಠಗಳ ನಿತ್ಯದ ಬದುಕು ತಿಳಿಯಾಯಿತು. ನಮಗಾದರೋ ಪಪೈರಸ್ ಎಂದರೆ ಈಜಿಪ್ಟಿನ ಆಕ್ಸಿರಿಂಕಸ್‌ನಲ್ಲಿ ಸಿಕ್ಕ ಗ್ರೀಕ್ ಪ್ರಹಸನ, ಅದರಲ್ಲಿ 1904ರಲ್ಲಿ ಹುಲ್ಟ್ಶ್ ಗುರುತಿಸಿದ ಕನ್ನಡ ಪದಗಳ ವಾದ, ಅಷ್ಟೇ. ಪಪೈರಸ್ ಅಧ್ಯಯನದಿಂದ ಕಲಿಯಬೇಕಾದ ಹೆಚ್ಚಿನ ಪಾಠ ಅದರ ವಿಧಾನದಲ್ಲಿದೆ.

ಉಳಿದಿರುವ ಕೆಲಸ

ವಂಶಾವಳಿಯ ಕೆಲಸ ಬಹುಮಟ್ಟಿಗೆ ಮುಗಿದಿದೆ, ಸಂಘಗಳ ಚರಿತ್ರೆ ಮುಕ್ಕಾಲು ಬರೆದಾಗಿದೆ. ನೆಲದ ಚರಿತ್ರೆ ಇನ್ನೂ ಮುಂದಿದೆ. ಪಟಗಳಲ್ಲಿ ಬರುವ ಮಾತೃಸರಿತ್ ಎಂಬ ಹೊಳೆ, ಇಂಗಿಣಿ ಸಂಗಮ, ಖೇಟಗ್ರಾಮ, ಕರ್ದಮಪಟಿ, ಮರದೆ ಮುಂತಾದ ಹೆಸರುಗಳನ್ನು ಕೈಯಲ್ಲಿ ಹಿಡಿದು ಹಲಸಿ ಸುತ್ತಲಿನ ಹಳ್ಳಿಗಳಲ್ಲಿ ನಡೆಯಬೇಕು. ಹಳೆಯ ಉತಾರಗಳನ್ನು ನೋಡಬೇಕು, ಹೊಲ–ಹಳ್ಳಗಳನ್ನು ಕನ್ನಡದಲ್ಲೂ ಮರಾಠಿಯಲ್ಲೂ ಕರೆಯುವ ಹಿರಿಯರನ್ನು ಕೇಳಬೇಕು. ಗ್ರಂಥಾಲಯದಲ್ಲಿ ಕೂತು ಆಗುವ ಕೆಲಸ ಇದಲ್ಲ. ರಾಣಿ ಚನ್ನಮ್ಮ ವಿಶ್ವವಿದ್ಯಾಲಯದ ಮತ್ತು ಬೆಳಗಾವಿ–ಖಾನಾಪುರದ ಕಾಲೇಜುಗಳ ಇತಿಹಾಸ ವಿಭಾಗಗಳು ಇದನ್ನು ಕೈಗೆತ್ತಿಕೊಳ್ಳಬೇಕು. ಆ ಹೆಸರುಗಳನ್ನು ಬಲ್ಲ ಹಿರಿಯರು ನಮ್ಮೊಂದಿಗೆ ಇರುವಾಗಲೇ ಇದು ಆಗಬೇಕು.